"ನಾನ್ ಯಾರ್ನೂ ಬೈದಿಲ್ಲ ಕಣ್ಲಾ": ಗೆದ್ದ ಮೇಲೂ ಇನ್ನೊಂದು ಕೇಸ್ ಯಾಕೆ ಹಾಕ್ಬೇಕು?

ಮೈಸೂರು ಕೋರ್ಟ್ ಹತ್ರ ಟೀ ಅಂಗಡೀಲಿ ನಿಂತ್ಕೊಂಡು ಲಾಯರ್ರು "ಇನ್ನೇನಿದ್ರೂ ನ್ಯಾಯಾಂಗ ನಿಂದನೆ ಹಾಕೋದೊಂದೇ ದಾರಿ ಯಜಮಾನ್ರೇ" ಅಂದಾಗ ನಮ್ಮ ದೊಡ್ಡಪ್ಪ ಗಾಬರಿಯಾಗಿ ನನ್ನ ಕಡೆ ತಿರುಗಿದ್ರು. "ನಾನ್ ಯಾರ್ನೂ ಬೈದಿಲ್ಲ ಕಣ್ಲಾ. ಜಡ್ಜ್ ಸಾಹೇಬ್ರು ನಮ್ ಕಡೆಗೇ ಆರ್ಡರ್ ಕೊಟ್ಟವ್ರೆ, ಅಂಥವ್ರನ್ನ ನಾನ್ಯಾಕ್ಲಾ ನಿಂದ್ನೆ ಮಾಡ್ಲಿ?" ಲಾಯರ್ರು ನಕ್ಕರು, ನಾನೂ ನಕ್ಕೆ. ಆಮೇಲೆ ಮಂಡ್ಯಕ್ಕೆ ವಾಪಸ್ ಬರ್ತಾ ಬಸ್ಸಲ್ಲಿ ಯೋಚ್ನೆ ಮಾಡಿದ್ರೆ ದೊಡ್ಡಪ್ಪಂದು ತಪ್ಪೇನೂ ಇಲ್ಲ, ಆ ಪದಾನೇ ಹಂಗಿದೆ. ನಿಂದನೆ ಅಂದ್ರೆ ನಮಗೆ ಬೈಗುಳ, ಅವಮಾನ.

ಕಂಟೆಂಪ್ಟ್ ಅನ್ನೋದಕ್ಕೆ ಕನ್ನಡದಲ್ಲಿ ನ್ಯಾಯಾಂಗ ನಿಂದನೆ ಅಂತ ಒಂದೇ ಪದ ಇಟ್ಕೊಂಡು ಎರಡು ಬೇರೆ ಬೇರೆ ಕೆಲಸಕ್ಕೆ ಓಡಿಸ್ತಾ ಇದೀವಿ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 2ನೇ ಸೆಕ್ಷನ್ ಇವೆರಡನ್ನೂ ಬಿಡಿಸಿ ಹೇಳತ್ತೆ. ಒಂದು ಕ್ರಿಮಿನಲ್ ನಿಂದನೆ, ಅಂದ್ರೆ ಕೋರ್ಟಿನ ಘನತೆಗೆ ಮಸಿ ಬಳಿಯೋ ಮಾತು ಬರಹ, ನ್ಯಾಯದಾನಕ್ಕೆ ಅಡ್ಡಿ ಇಂಥವು. ಇನ್ನೊಂದು ಸಿವಿಲ್ ನಿಂದನೆ, ಅಂದ್ರೆ ಕೋರ್ಟ್ ಕೊಟ್ಟ ತೀರ್ಪನ್ನೋ ಆದೇಶವನ್ನೋ ಬೇಕೂಂತಲೇ ಪಾಲಿಸದೇ ಇರೋದು, ಇಲ್ಲಾ ಕೋರ್ಟಿಗೆ ಕೊಟ್ಟ ಮುಚ್ಚಳಿಕೆ ಮುರಿಯೋದು. ಟೀವಿಯವ್ರು ಗಂಟೆಗಟ್ಟಲೆ ಚರ್ಚೆ ಮಾಡೋದು ಮೊದಲನೇದನ್ನ, ಯಾರೋ ಜಡ್ಜ್ ಬಗ್ಗೆ ಟ್ವೀಟ್ ಮಾಡಿದ್ರು ಅಂತ. ಸರ್ಕಾರದ ವಿರುದ್ಧ ಗೆದ್ದು ಕೂತವರಿಗೆ ಬೇಕಾಗಿರೋದು ಎರಡನೇದು. ಹೈಕೋರ್ಟಲ್ಲಿ ಇದಕ್ಕೆ ಸಿಸಿಸಿ ಅಂತ ನಂಬರ್ ಬೀಳತ್ತೆ, ಲಾಯರ್ರೂ "ಸಿಸಿಸಿ ಹಾಕೋಣ" ಅಂತಲೇ ಅನ್ನೋದು. ಕ್ರಿಮಿನಲ್ ನಿಂದನೇಗೆ ಹೊರಗಿನವ್ರು ಅರ್ಜಿ ಹಾಕೋಕೆ ಅಡ್ವೊಕೇಟ್ ಜನರಲ್ ಒಪ್ಪಿಗೆ ಬೇಕು, ಸಿವಿಲ್‌ಗೆ ಬೇಡ. ಆದೇಶವನ್ನ ಪಾಲಿಸದವರ ಮೇಲೆ ಹಾಕೋ ಕೇಸಿಗೆ "ಆದೇಶ ಉಲ್ಲಂಘನೆ" ಅಂತ ಹೆಸರಿಟ್ಟಿದ್ರೆ ದೊಡ್ಡಪ್ಪನಂಥವ್ರು ಅರ್ಧ ಹೆದರ್ತಿರ್ಲಿಲ್ಲ ಅನ್ಸತ್ತೆ.

ಅವರ ಕತೆ ಸಣ್ಣದು. ಮದ್ದೂರು ಕಡೆ ನಾಲೆ ಅಗಲ ಮಾಡೋಕೆ ಹದಿನೆಂಟು ಗುಂಟೆ ಹೋಯ್ತು. ಪಕ್ಕದ ಹಿಸ್ಸೆ, ಸರ್ವೆ ನಂಬರ್ 112/3 ಅಂತ ಇಟ್ಕೊಳ್ಳಿ, ಅವರಿಗೆ ದುಡ್ಡು ಬಂತು. ಇವರದ್ದು 112/2, ತಾತನ ಹೆಸರಿಂದ ಪಹಣಿ ಬದಲಾಗೋದು ತಡ ಆಗಿ ಪಟ್ಟೀಲಿ ಹೆಸರೇ ಬಿಟ್ಟೋಗಿತ್ತು. ಅಲೆದು ಅಲೆದು ಸಾಕಾಗಿ ಹೈಕೋರ್ಟಿಗೆ ರಿಟ್ ಹಾಕಿದ್ರು. ಆದೇಶ ಬಂತು: ಅರ್ಜಿದಾರರ ಮನವಿಯನ್ನ ಕಾನೂನು ಪ್ರಕಾರ ಪರಿಗಣಿಸಿ ಮೂರು ತಿಂಗಳೊಳಗೆ ತೀರ್ಮಾನ ಮಾಡಿ ಅಂತ. ದೊಡ್ಡಪ್ಪ ಅವತ್ತು ಬೀದಿಯವರಿಗೆಲ್ಲಾ ಮೈಸೂರ್ ಪಾಕ್ ಹಂಚಿದ್ರು, ಸರ್ಟಿಫೈಡ್ ಕಾಪೀನ ಪಹಣಿ, ಹಳೇ ಕ್ರಯಪತ್ರದ ಜೊತೆ ಪ್ಲಾಸ್ಟಿಕ್ ಕವರಿಗೆ ಹಾಕಿ ಇಟ್ಕೊಂಡ್ರು. ಕಚೇರಿಗೆ ಹೋಗಿ ಟಪಾಲಲ್ಲಿ ಒಂದು ಕಾಪಿ ಕೊಟ್ಟು ಸೀಲ್ ಹಾಕಿಸ್ಕೊಂಡೂ ಬಂದ್ರು. ಯಾವ ಕಚೇರಿ ಅಂತ ಹೇಳಲ್ಲ, ಯಾವ ಕಚೇರಿ ಆಗಿದ್ರೂ ಮುಂದಿನ ಕತೆ ಇದೇ ಆಗಿರ್ತಿತ್ತು.

ಯಾಕಂದ್ರೆ ಸರ್ಕಾರೀ ಕಚೇರೀಲಿ ಯಾರೂ "ಕೋರ್ಟ್ ಆದೇಶ ಪಾಲಿಸಲ್ಲ ಹೋಗ್ರೀ" ಅಂತ ಹೇಳಲ್ಲ. ಅಷ್ಟು ಧೈರ್ಯ ಯಾರಿಗೂ ಇಲ್ಲ, ಅದರ ಅಗತ್ಯಾನೂ ಇಲ್ಲ. ಟಪಾಲಿಂದ ಕಾಪಿ ಕೇಸ್ ವರ್ಕರ್ ಟೇಬಲ್‌ಗೆ ಬರತ್ತೆ, ಅವರು ಟಿಪ್ಪಣಿ ಬರೆದು ಮೇಲಕ್ಕೆ ಕಳಿಸ್ತಾರೆ, ಮೇಲಿನವರು "ಅಪೀಲ್ ಹೋಗಬಹುದಾ, ಕಾನೂನು ಅಭಿಪ್ರಾಯ ಪಡೆಯಿರಿ" ಅಂತ ಬರೀತಾರೆ, ಅಭಿಪ್ರಾಯ ಬರೋ ಹೊತ್ತಿಗೆ ಸಾಹೇಬ್ರು ವರ್ಗ ಆಗಿರ್ತಾರೆ, ಹೊಸಬ್ರು ಬಂದು "ಮೂಲ ಕಡತ ಮಂಡಿಸಿ" ಅಂತಾರೆ, ಮೂಲ ಕಡತ ಬೇರೆ ಶಾಖೇಲಿರತ್ತೆ, ಅದು ಸಿಕ್ಕಿದ ಮೇಲೆ ದುಡ್ಡಿನ ವಿಷಯ ಆದ್ರಿಂದ ಬೆಂಗಳೂರಿಗೆ ಹೋಗ್ಬೇಕು, ಅಲ್ಲಿ ಆರ್ಥಿಕ ಇಲಾಖೆ ಒಂದು ಪ್ರಶ್ನೆ ಹಾಕಿ ವಾಪಸ್ ಕಳಿಸತ್ತೆ. ಈಗ ಇ-ಆಫೀಸ್ ಬಂದಿದೆ, ಕಡತ ಎಲ್ಲಿ ಕೂತಿದೆ ಅಂತ ಗೊತ್ತಾಗತ್ತೆ, ಆದ್ರೆ ಯಾಕೆ ಕೂತಿದೆ ಅಂತ ಅದು ಹೇಳಲ್ಲ. ಈ ಸಾಲಲ್ಲಿ ಪ್ರತಿಯೊಬ್ರೂ ತಮ್ಮ ಪಾಲಿನ ಕೆಲಸ ಮಾಡಿದಾರೆ, ಒಬ್ರೂ ಆದೇಶ ಮುರಿದಿಲ್ಲ, ಆದ್ರೂ ಆದೇಶ ಪಾಲನೆ ಆಗಿಲ್ಲ. ಕಾಯ್ದೆ ಕೇಳೋದು "ಬೇಕೂಂತಲೇ" ಮಾಡಿದ್ರಾ ಅಂತ. ಆ ಒಂದು ಪದದ ಹಿಂದೆ ಇಡೀ ಇಲಾಖೆ ಅಡಗಿ ಕೂರಬಹುದು.

ಇಲ್ಲಿ ಜನ ಸೋಲೋದು ಕ್ಯಾಲೆಂಡರ್ ವಿಷಯದಲ್ಲಿ. ಕಾಯ್ದೆಯ 20ನೇ ಸೆಕ್ಷನ್ ಪ್ರಕಾರ ಉಲ್ಲಂಘನೆ ಆದ ದಿನದಿಂದ ಒಂದು ವರ್ಷ ದಾಟಿದ್ರೆ ಕೋರ್ಟ್ ನಿಂದನೆ ಪ್ರಕ್ರಿಯೆ ಶುರು ಮಾಡೋ ಹಾಗಿಲ್ಲ. ಒಂದು ವರ್ಷದೊಳಗೆ ಅರ್ಜಿ ಹಾಕಿದ್ರೆ ಸಾಕು, ಕೋರ್ಟ್ ಅದನ್ನ ತಡವಾಗಿ ಕೈಗೆತ್ತಿಕೊಂಡ್ರೂ ಪರವಾಗಿಲ್ಲ ಅಂತ ಸುಪ್ರೀಂ ಕೋರ್ಟ್ 2001ರಲ್ಲಿ ಹೇಳಿದೆ, ಅದೊಂದು ಸಮಾಧಾನ. ಆದೇಶದಲ್ಲಿ ಮೂರು ತಿಂಗಳ ಗಡುವಿದ್ರೆ ಆ ಗಡುವು ಮುಗಿದ ಮೇಲೆ ಲೆಕ್ಕ ಶುರು. ಈಗ ನೋಡಿ, ಕಚೇರಿಯವ್ರು "ಮುಂದಿನ ತಿಂಗಳು ಬನ್ನಿ, ಪ್ರೊಸೆಸ್‌ನಲ್ಲಿದೆ" ಅಂತ ಒಳ್ಳೇ ಮಾತಲ್ಲೇ ಹನ್ನೆರಡು ಸಲ ಹೇಳಿದ್ರೆ ಮುಗೀತು, ವರ್ಷ ತುಂಬಿತು. ಸಿಟ್ಟು ಮಾಡ್ಕೊಂಡು ಬೈದು ಕಳಿಸೋ ಗುಮಾಸ್ತನಿಗಿಂತ ನಗ್ತಾ ನಗ್ತಾ ಕುರ್ಚಿ ಕೊಟ್ಟು ಕೂರಿಸೋ ಗುಮಾಸ್ತನೇ ಅಪಾಯ. ದೊಡ್ಡಪ್ಪ ಹತ್ತನೇ ತಿಂಗಳಿಗೆ ಲಾಯರ್ ಹತ್ರ ಬಂದಿದ್ದು ಪುಣ್ಯ.

"ಅಪೀಲ್ ಹೋಗಿದೀವಿ, ಅದಕ್ಕೇ ಮಾಡಿಲ್ಲ" ಅನ್ನೋ ಮಾತನ್ನೂ ಕೇಳಿರ್ತೀರಿ. ಅಪೀಲ್ ಹಾಕಿದ ಮಾತ್ರಕ್ಕೆ ಆದೇಶಕ್ಕೆ ತಡೆ ಬಿದ್ದ ಹಾಗಲ್ಲ, ಸ್ಟೇ ಕೇಳಿ ಪಡೀಬೇಕು. ಎಷ್ಟೋ ಸಲ ಆ ಅಪೀಲ್ ಹುಟ್ಟೋದೇ ಸಿಸಿಸಿ ನೋಟಿಸ್ ಬಂದ ಮೇಲೆ, ಇಷ್ಟು ದಿನ ತಡ ಆಗಿದ್ದನ್ನ ಮನ್ನಿಸಿ ಅನ್ನೋ ಅರ್ಜಿ ಜೊತೆಗೆ. ಕಡತ ಓಡಾಡೋದು ನಿಧಾನ ಅನ್ನೋದು ಸರ್ಕಾರಕ್ಕೆ ವಿಶೇಷ ರಿಯಾಯಿತಿ ಕೊಡೋಕೆ ಕಾರಣ ಅಲ್ಲ ಅಂತ ಸುಪ್ರೀಂ ಕೋರ್ಟ್ 2012ರಲ್ಲೇ ಅಂಚೆ ಇಲಾಖೆಯ ಒಂದು ಕೇಸಲ್ಲಿ ಖಡಕ್ಕಾಗಿ ಹೇಳಿತ್ತು. ಆಮೇಲೂ ಅದೇ ಕಾರಣ ಬರ್ಕೊಂಡೇ ಬರ್ತಿದಾರೆ.

ಸಿಸಿಸಿಯಲ್ಲಿ ಒಂದು ವಿಶೇಷ ಏನಂದ್ರೆ ಇಲಾಖೇನ ಪಾರ್ಟಿ ಮಾಡಿದ್ರೆ ಸಾಲದು, ಅಧಿಕಾರಿ ಹೆಸರು ಹಾಕ್ಬೇಕು. ಶಿಕ್ಷೆ ಆಗೋದು ಕುರ್ಚಿಗಲ್ಲ, ಕುರ್ಚಿ ಮೇಲೆ ಕೂತವರಿಗೆ. ಹೆಸರು ಹಾಕಿ ನೋಟಿಸ್ ಹೋದ ದಿನದಿಂದ ಕಚೇರೀಲಿ ಗಾಳಿನೇ ಬೇರೆ. ಹತ್ತು ತಿಂಗಳು ಅಲ್ಲಾಡದ ಕಡತಕ್ಕೆ ಕೆಂಪು ಚೀಟಿ ಬೀಳತ್ತೆ, ಸರ್ಕಾರಿ ವಕೀಲರ ಕಚೇರಿಯಿಂದ ಫೋನ್ ಬರತ್ತೆ, ನಮ್ಮನ್ನೇ ಹುಡುಕ್ಕೊಂಡು ಫೋನ್ ಮಾಡಿ "ಯಜಮಾನ್ರೇ ಒಂದು ಆಧಾರ್ ಕಾಪಿ, ಬ್ಯಾಂಕ್ ಪಾಸ್‌ಬುಕ್ ಕಾಪಿ ತಂದ್ಕೊಡಿ" ಅಂತಾರೆ. ದೊಡ್ಡಪ್ಪನ ಕೇಸಲ್ಲೂ ಆ ಫೋನ್ ಬಂತು. ವಿಚಾರಣೆಗೆ ಇನ್ನೆರಡು ದಿನ ಇತ್ತು. ಹೈಕೋರ್ಟಿನ ಎಷ್ಟೋ ಸಿಸಿಸಿ ಆದೇಶಗಳು ನಾಲ್ಕೇ ಸಾಲು ಇರೋದೂ ಇದಕ್ಕೇ: ಆದೇಶ ಪಾಲನೆ ಆಗಿದೆ ಅಂತ ಸರ್ಕಾರಿ ವಕೀಲರು ಮೆಮೋ ಸಲ್ಲಿಸಿದ್ರು, ಅರ್ಜಿ ಮುಕ್ತಾಯ. ಅಂದ್ರೆ ಕಂಟೆಂಪ್ಟ್ ಕೆಲಸ ಮಾಡೋದು ಶಿಕ್ಷೆಯಿಂದಲ್ಲ, ವಿಚಾರಣೆಯ ಹಿಂದಿನ ದಿನದಿಂದ. ನನ್ನ ತಕರಾರು ಇರೋದೂ ಅಲ್ಲೇ. ಎರಡನೇ ಕೇಸ್ ಹಾಕೋ ತಾಕತ್ತಿದ್ದವನಿಗೆ ಮಾತ್ರ ಮೊದಲನೇ ಕೇಸಿನ ತೀರ್ಪು ಕೈಗೆ ಸಿಗೋದಾದ್ರೆ, ಮೊದಲನೇದು ತೀರ್ಪಲ್ಲ, ಟೋಕನ್.

ಅದೂ ಸಿಗೋದು ಆದೇಶದಲ್ಲಿ ಏನು ಬರೆದಿದೆ ಅನ್ನೋದರ ಮೇಲೆ. "ಕೊಡಿ" ಅಂತ ಬರೆದಿದ್ರೆ ಒಂದು, "ಪರಿಗಣಿಸಿ" ಅಂತ ಬರೆದಿದ್ರೆ ಇನ್ನೊಂದು. ರಿಟ್ ಅರ್ಜಿಗಳಲ್ಲಿ ಬಹಳಷ್ಟು ಮುಗಿಯೋದು ಎರಡನೇ ಥರ. ನಮ್ಮ ಜನ ಅದನ್ನ ಗೆಲುವು ಅಂತ ಓದ್ಕೊಳ್ತಾರೆ, ಕಚೇರಿಯವರು ಬರೀ "ಒಂದು ಉತ್ತರ ಬರೀರಿ" ಅಂತ ಓದ್ಕೊಳ್ತಾರೆ, ಕಾನೂನಿನ ಪ್ರಕಾರ ಕಚೇರಿಯವರ ಓದೇ ಸರಿ. ಪರಿಗಣಿಸಿ "ಆಗಲ್ಲ" ಅಂತ ಒಂದು ಹಿಂಬರಹ, ಅಂದ್ರೆ ಕಚೇರಿಯ ಲಿಖಿತ ಉತ್ತರ, ಕೊಟ್ರೆ ಆದೇಶ ಪಾಲನೆ ಆದ ಹಾಗೇ. ಈ "ಪರಿಗಣಿಸಿ" ಅನ್ನೋ ಪದ ಎಷ್ಟು ಗೊಂದಲ ಮಾಡತ್ತೆ ಅಂತ ಸುಪ್ರೀಂ ಕೋರ್ಟೇ 2006ರಲ್ಲಿ ಆಂಧ್ರ ರಸ್ತೆ ಸಾರಿಗೆ ನಿಗಮದ ಕೇಸಲ್ಲಿ ಬಿಡಿಸಿ ಬರೆದಿದೆ. ಇನ್ನೊಂದು 1996ರ ತೀರ್ಪಿದೆ, ಅದು ಎಲ್ಲಾ ಸರ್ಕಾರಿ ವಕೀಲರಿಗೂ ಬಾಯಿಪಾಠ: ಕೋರ್ಟ್ ಹೇಳಿದ ಮೇಲೆ ಅಧಿಕಾರಿ ಒಂದು ಆದೇಶ ಹೊರಡಿಸಿಬಿಟ್ರೆ, ಅದು ಸರಿನೋ ತಪ್ಪೋ ಅನ್ನೋದನ್ನ ನಿಂದನೆ ಅರ್ಜೀಲಿ ನೋಡೋಕಾಗಲ್ಲ, ಅದಕ್ಕೆ ಬೇರೆ ಕೇಸ್ ಹಾಕ್ಬೇಕು. ನಿಂದನೆ ವಿಚಾರಿಸೋ ಪೀಠ ಮೂಲ ಆದೇಶದ ನಾಲ್ಕು ಗೆರೆ ದಾಟಿ ಹೊಸದಾಗಿ ಏನೂ ಕೊಡೋ ಹಾಗಿಲ್ಲ ಅಂತ 2014ರಲ್ಲಿ ಮತ್ತೆ ಹೇಳಿದಾರೆ. ತತ್ವ ಸರಿ. ಆದ್ರೆ ಹಿಂಬರಹದಿಂದ ರಿಟ್, ರಿಟ್ಟಿಂದ "ಪರಿಗಣಿಸಿ", ಅಲ್ಲಿಂದ ಸಿಸಿಸಿ, ಅಲ್ಲಿಂದ ಮತ್ತೆ ಹಿಂಬರಹ, ಗಾಣದ ಎತ್ತಿನ ಥರ ಸುತ್ತಿದವರನ್ನ ನಾನೇ ಬಲ್ಲೆ.

ದುಡ್ಡಿನ ಡಿಕ್ರಿ ಇದ್ರೆ ದಾರಿ ಬೇರೆ. ಭೂಸ್ವಾಧೀನದಲ್ಲಿ ಸಿವಿಲ್ ಕೋರ್ಟ್ ಪರಿಹಾರ ಹೆಚ್ಚು ಮಾಡಿ ಇಷ್ಟು ರೂಪಾಯಿ ಕೊಡಿ ಅಂದಿದ್ರೆ ಹಾಕ್ಬೇಕಾದ್ದು ಅಮಲ್ಜಾರಿ ಅರ್ಜಿ, ಅಂದ್ರೆ ಡಿಕ್ರೀನ ಜಾರಿ ಮಾಡಿಸಿಕೊಡಿ ಅಂತ ಕೇಳೋ ಅರ್ಜಿ. ಸರ್ಕಾರದ ಮೇಲಿನ ಡಿಕ್ರಿಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 82ನೇ ಸೆಕ್ಷನ್ ಮೂರು ತಿಂಗಳು ಕಾಯಿರಿ ಅನ್ನತ್ತೆ, ಆಮೇಲೂ ದುಡ್ಡು ಬರದಿದ್ರೆ ಜಪ್ತಿ. ಪೇಪರಲ್ಲಿ ಆಗಾಗ ಫೋಟೋ ಬರತ್ತಲ್ಲ, ಜಪ್ತಿಗೆ ಬಂದ ಕೋರ್ಟಿನ ಅಮೀನರು ನಿಂತಿರ್ತಾರೆ, ಕಚೇರಿ ಕುರ್ಚಿ, ಕಂಪ್ಯೂಟರ್, ಪ್ರಿಂಟರ್ ಎಲ್ಲಾ ಹೊರಗೆ ಜೋಡಿಸಿರ್ತಾರೆ, ಅಪಘಾತ ಪರಿಹಾರ ಕೊಡದ ಕೇಸಾದ್ರೆ ಸಾರಿಗೆ ಬಸ್ಸನ್ನೇ ಕೋರ್ಟ್ ಆವರಣಕ್ಕೆ ತಂದು ನಿಲ್ಲಿಸಿರ್ತಾರೆ, ಅದು ಕಂಟೆಂಪ್ಟ್ ಅಲ್ಲ, ಅಮಲ್ಜಾರಿ. ನೋಡೋಕೆ ಮಜಾ ಇರತ್ತೆ. ಎರಡು ಸಾವಿರದ ಕುರ್ಚಿ ಹೊರಗಿಟ್ರೆ ಇಪ್ಪತ್ತು ಲಕ್ಷದ ಚೆಕ್ ಹೆಂಗೆ ಬರತ್ತೆ ಅಂತ ಕೇಳಬೇಡಿ, ಬರತ್ತೆ. ಸಾಹೇಬ್ರು ನಿಂತ್ಕೊಂಡು ಸಹಿ ಹಾಕೋದು ಪೇಪರಲ್ಲಿ ಬಂದ್ರೆ ಮರ್ಯಾದೆ ಪ್ರಶ್ನೆ. ಇಲ್ಲೂ ಕೆಲಸ ಮಾಡೋದು ನಾಚಿಕೆನೇ, ಕಾನೂನಿನ ಸೆಕ್ಷನ್ ಅಲ್ಲ.

ತಡ ಮಾಡಿದ್ರೆ ಸರ್ಕಾರಕ್ಕೆ ಉಳಿತಾಯ ಆಗತ್ತಾ ಅಂದ್ರೆ ಅದೂ ಇಲ್ಲ. ಹಳೇ 1894ರ ಭೂಸ್ವಾಧೀನ ಕಾಯ್ದೇಲಿ ಪರಿಹಾರ ಕೊಡೋದು ತಡ ಆದ್ರೆ ಮೊದಲ ವರ್ಷಕ್ಕೆ ಶೇ. 9, ಆಮೇಲೆ ಶೇ. 15 ಬಡ್ಡಿ ಇತ್ತು, 2013ರ ಹೊಸ ಕಾಯ್ದೇಲೂ ಇದೇ ಲೆಕ್ಕ ಉಳಿಸ್ಕೊಂಡಿದಾರೆ. ಯಾವ ಬ್ಯಾಂಕಿನ ಎಫ್‌ಡಿ ಈಗ ಶೇ. 15 ಕೊಡತ್ತೆ ಹೇಳಿ. ಹತ್ತು ಲಕ್ಷ ಬಾಕಿ ಇಟ್ಕೊಂಡು ಒಂದು ವರ್ಷ ಕಡತ ಮಲಗಿಸಿದ್ರೆ ತೊಂಬತ್ತು ಸಾವಿರ ಹೆಚ್ಚು, ಐದು ವರ್ಷ ಮಲಗಿಸಿದ್ರೆ ಏಳು ಲಕ್ಷದ ಹತ್ತಿರ. ಇದು ನಮ್ಮೆಲ್ಲರ ತೆರಿಗೆ ದುಡ್ಡು. ಕಡತ ಮಲಗಿಸಿದವರ ಜೇಬಿಂದ ಒಂದು ರೂಪಾಯಿ ಹೋಗಲ್ಲ, ಬೇಗ ಸಹಿ ಹಾಕಿದವರಿಗೆ ಮಾತ್ರ ಆಡಿಟ್‌ನಲ್ಲಿ "ಅಪೀಲ್ ಯಾಕೆ ಹೋಗಲಿಲ್ಲ" ಅನ್ನೋ ಪ್ರಶ್ನೆ ಬರೋ ಭಯ. ಸುಮ್ನಿದ್ರೆ ಕ್ಷೇಮ, ಸಹಿ ಹಾಕಿದ್ರೆ ಅಪಾಯ ಅಂತಾದ್ರೆ ಯಾವ ಅಧಿಕಾರಿ ಸಹಿ ಹಾಕ್ತಾನೆ? ಆಯಾ ಅಧಿಕಾರಿಯ ಸ್ವಭಾವಕ್ಕಿಂತ ಈ ಲೆಕ್ಕ ಮುಖ್ಯ ಅಂತ ನನಗನ್ಸತ್ತೆ.

ಶಿಕ್ಷೆ ಆಗೋದೇ ಇಲ್ವಾ? ಆಗಿದೆ, ಕೈಬೆರಳಲ್ಲಿ ಎಣಿಸೋ ಅಷ್ಟು. 12ನೇ ಸೆಕ್ಷನ್ ಪ್ರಕಾರ ಗರಿಷ್ಠ ಆರು ತಿಂಗಳ ಸಾದಾ ಸಜೆ, ಇಲ್ಲಾ 2,000 ರೂಪಾಯಿ ದಂಡ, ಇಲ್ಲಾ ಎರಡೂ. 1971ರಲ್ಲಿ ಎರಡು ಸಾವಿರ ದೊಡ್ಡ ಮೊತ್ತ, ಈಗ ಅದು ಮೈಸೂರಿಂದ ಬೆಂಗಳೂರಿಗೆ ಟ್ಯಾಕ್ಸಿ ಮಾಡ್ಕೊಂಡು ಹೋಗೋಕೆ ಸಾಲಲ್ಲ. ಮನಸಾರೆ ಕ್ಷಮೆ ಕೇಳಿದ್ರೆ ಬಿಡಬಹುದು. ಆದ್ರೆ 1995ರಲ್ಲಿ ನಮ್ಮ ಕರ್ನಾಟಕದ್ದೇ ಹಿರಿಯ ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ, ಒಬ್ಬ ಎಂಜಿನಿಯರ್ ಬಡ್ತಿ ಆದೇಶ ಪಾಲಿಸಲಿಲ್ಲ ಅಂತ ಸುಪ್ರೀಂ ಕೋರ್ಟ್ ಒಂದು ತಿಂಗಳ ಸಜೆ ಕೊಟ್ಟಿತ್ತು. 2006ರಲ್ಲಿ ಮಹಾರಾಷ್ಟ್ರದ ಮಂತ್ರಿ ಸ್ವರೂಪ್ ಸಿಂಗ್ ನಾಯಕ್ ಮತ್ತು ಅರಣ್ಯ ಇಲಾಖೆಯ ಪ್ರಧಾನ ಕಾರ್ಯದರ್ಶಿ ಇಬ್ರಿಗೂ ಒಂದೊಂದು ತಿಂಗಳು, ಸಾ ಮಿಲ್ ಲೈಸೆನ್ಸ್ ವಿಷಯದಲ್ಲಿ. ನನಗೆ ಇವೆರಡಕ್ಕಿಂತ ಹೆಚ್ಚು ನಾಟಿದ್ದು 2025ರ ಮೇ ತಿಂಗಳದ್ದು. ಹೈಕೋರ್ಟ್ ಬೇಡ ಅಂದ್ರೂ ಗುಂಟೂರಲ್ಲಿ ಗುಡಿಸಲು ಒಡೆಸಿದ್ದ ಅಧಿಕಾರಿ, ಆ ಹೊತ್ತಿಗೆ ಡೆಪ್ಯುಟಿ ಕಲೆಕ್ಟರ್ ಆಗಿದ್ರು, ಅವರನ್ನ ಸುಪ್ರೀಂ ಕೋರ್ಟ್ ಮತ್ತೆ ತಹಶೀಲ್ದಾರ್ ಹುದ್ದೆಗೆ ಇಳಿಸಿ ಒಂದು ಲಕ್ಷ ದಂಡಾನೂ ಹಾಕ್ತು. ಜೈಲು ಅಂದ್ರೆ ಹೇಗೋ ಸ್ಟೇ ಸಿಗತ್ತೆ ಅಂತ ಧೈರ್ಯ ಇರತ್ತೆ, ಹಿಂಬಡ್ತಿ ಅಂದ್ರೆ ಯಾವ ಅಧಿಕಾರಿಗೂ ನಿದ್ದೆ ಬರಲ್ಲ.

ಇನ್ನೊಂದು ಅಸಮಾನತೆ ಯಾರೂ ಹೆಚ್ಚು ಮಾತಾಡಲ್ಲ. ಶಿಕ್ಷೆ ಆದ ಅಧಿಕಾರಿಗೆ 19ನೇ ಸೆಕ್ಷನ್ ಅಡಿ ಅಪೀಲ್ ಹೋಗೋ ಹಕ್ಕಿದೆ. ಅರ್ಜಿ ಮುಕ್ತಾಯ ಮಾಡಿ ಮನೆಗೆ ಕಳಿಸಿದ್ರೆ ನಮಗೆ ಆ ಸೆಕ್ಷನ್‌ನಲ್ಲಿ ಅಪೀಲ್ ಇಲ್ಲ. ನಿಂದನೆ ಅನ್ನೋದು ಕೋರ್ಟಿಗೂ ತಪ್ಪು ಮಾಡಿದವರಿಗೂ ನಡುವಿನ ವಿಷಯ, ಅರ್ಜಿದಾರ ಬರೀ ಮಾಹಿತಿ ಕೊಟ್ಟವನು ಅನ್ನೋದು ತರ್ಕ. ಜಮೀನು ಕಳ್ಕೊಂಡವನು ತನ್ನ ಕೇಸಲ್ಲೇ ಬರೀ ಮಾಹಿತಿದಾರ!

ಕೋರ್ಟುಗಳೂ ಅತಿ ಮಾಡಿದ್ದಿದೆ, ಅದನ್ನೂ ಹೇಳ್ಬೇಕು. ನಿವೃತ್ತ ಜಡ್ಜ್‌ಗಳ ಸವಲತ್ತಿನ ಕೇಸಲ್ಲಿ ಅಲಹಾಬಾದ್ ಹೈಕೋರ್ಟ್ ಉತ್ತರ ಪ್ರದೇಶದ ಹಿರಿಯ ಅಧಿಕಾರಿಗಳನ್ನ ಕಸ್ಟಡಿಗೆ ತಗೊಳ್ಳೋಕೆ ಹೇಳಿತ್ತು. ಅದನ್ನ ರದ್ದು ಮಾಡ್ತಾ ಸುಪ್ರೀಂ ಕೋರ್ಟ್ 2024ರ ಜನವರಿ 3ರಂದು ಅಧಿಕಾರಿಗಳನ್ನ ಖುದ್ದು ಕರೆಸೋ ಬಗ್ಗೆ ಒಂದು ಕ್ರಮ ಹಾಕಿಕೊಡ್ತು: ಮಾತೆತ್ತಿದ್ರೆ ಕರೆಸಬೇಡಿ, ಮೊದಲು ವಿಡಿಯೋ ಕಾನ್ಫರೆನ್ಸ್, ಬಟ್ಟೆ ಬಗ್ಗೆ ಓದಿನ ಬಗ್ಗೆ ಟೀಕೆ ಬೇಡ, ಇಂಥವು. ನ್ಯಾಯವಾದ ಮಾತೇ. ಹೈಕೋರ್ಟ್ ಕಲಾಪ ಯೂಟ್ಯೂಬಲ್ಲಿ ಲೈವ್ ಬರೋ ಕಾಲದಲ್ಲಿ ಅಧಿಕಾರೀನ ನಿಲ್ಲಿಸಿ ಬೈದ ಮೂವತ್ತು ಸೆಕೆಂಡ್ ಕ್ಲಿಪ್ಪು ಮಧ್ಯಾಹ್ನದೊಳಗೆ ಎಲ್ಲರ ವಾಟ್ಸಾಪಲ್ಲಿರತ್ತೆ, ಕೆಳಗೆ ಚಪ್ಪಾಳೆ ಎಮೋಜಿ. ನಮ್ಮ ಲಾಯರ್ರು ಹೇಳೋದು, ಬೈಸಿಕೊಂಡ ಕೇಸಲ್ಲಿ ಆದೇಶ ಪಾಲನೆ ಆಯ್ತಾ ಅಂತ ಆ ಕ್ಲಿಪ್ ಹಂಚಿದವರು ಯಾರೂ ಕೇಳಲ್ಲ ಅಂತ. ನಿಜಾನೇ.

ಇಷ್ಟೊತ್ತು ಅಧಿಕಾರಿಗಳನ್ನ ಅಂದೆ. ಈಗ ನಮ್ಮ ಕಡೆ ತಿರುಗ್ಬೇಕು, ಯಾಕಂದ್ರೆ ನಾನು ಮಂಡ್ಯದವನು. ಸರ್ಕಾರ ಕೋರ್ಟ್ ಆದೇಶ ಪಾಲಿಸಬಾರದು ಅಂತ ಹೈವೇಲಿ ಕೂತು ಗಂಟಲು ಹರ್ಕೊಂಡ ಜನ ನಾವು. 1991ರಲ್ಲಿ ಕಾವೇರಿ ನ್ಯಾಯಮಂಡಳಿ 205 ಟಿಎಂಸಿ ಬಿಡಿ ಅಂತ ಮಧ್ಯಂತರ ಆದೇಶ ಕೊಟ್ಟಾಗ ರಾಜ್ಯ ಸರ್ಕಾರ ಅದನ್ನ ತಪ್ಪಿಸೋಕೆ ಸುಗ್ರೀವಾಜ್ಞೆ ತಂತು, ಅದೇ ವರ್ಷ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಅದು ಸಂವಿಧಾನಬಾಹಿರ ಅಂತು. ತೀರ್ಪಿನ ಬುಡದಲ್ಲಿರೋ ಕಾನೂನನ್ನ ಶಾಸನಸಭೆ ಬದಲಾಯಿಸಬಹುದು, ತೀರ್ಪನ್ನೇ ಸುಗ್ರೀವಾಜ್ಞೆಯಿಂದ ಅಳಿಸೋ ಹಾಗಿಲ್ಲ ಅನ್ನೋ ಪಾಠಕ್ಕೆ ಇವತ್ತಿಗೂ ನಮ್ಮದೇ ಉದಾಹರಣೆ. 2002ರಲ್ಲಿ ಮುಖ್ಯಮಂತ್ರಿ ಎಸ್.ಎಂ. ಕೃಷ್ಣ, ನಮ್ಮ ಮದ್ದೂರು ತಾಲೂಕು ಸೋಮನಹಳ್ಳಿಯವರು, ನೀರು ನಿಲ್ಲಿಸಿ ಬೆಂಗಳೂರಿಂದ ಮಂಡ್ಯ ಕಡೆಗೆ ಪಾದಯಾತ್ರೆ ಹೊರಟ್ರು, ತಮಿಳುನಾಡು ನಿಂದನೆ ಅರ್ಜಿ ಹಾಕ್ತು, ಕೊನೆಗೆ ಸುಪ್ರೀಂ ಕೋರ್ಟಿಗೆ ಬೇಷರತ್ ಕ್ಷಮೆ ಕೇಳಿದ್ರು. 2016ರ ಸೆಪ್ಟೆಂಬರ್ ನೆನಪಿದೆಯಲ್ಲ, 5ನೇ ತಾರೀಕು ತಮಿಳುನಾಡಿಗೆ 15,000 ಕ್ಯುಸೆಕ್ ಬಿಡಿ ಅಂತ ಸುಪ್ರೀಂ ಕೋರ್ಟ್ ಹೇಳ್ತು, 12ಕ್ಕೆ ಅದು 12,000 ಆಯ್ತು, 20ಕ್ಕೆ 6,000, ಮತ್ತೆ 23ಕ್ಕೆ ವಿಧಾನಮಂಡಲದ ಎರಡೂ ಸದನ ಸೇರಿ ನೀರು ಕುಡಿಯೋಕೆ ಮಾತ್ರ ಅಂತ ನಿರ್ಣಯ ಮಾಡಿದ್ರು. ಸುಪ್ರೀಂ ಕೋರ್ಟಿಗೆ ಎಲ್ಲಾ ಅಧಿಕಾರಿಗಳೂ ನೆರವಾಗ್ಬೇಕು ಅನ್ನೋ ಸಂವಿಧಾನದ 144ನೇ ವಿಧಿ ಹೆಸರು ನಾನು ಮೊದಲ ಸಲ ಕೇಳಿದ್ದೇ ಆ ತಿಂಗಳು, ಸಂಜಯ ವೃತ್ತದ ಪ್ರತಿಭಟನೇಲಿ ನಿಂತಿದ್ದಾಗ ಯಾರದೋ ಮೊಬೈಲ್ ನ್ಯೂಸಲ್ಲಿ. ನನ್ನ ಪಕ್ಕ ದೊಡ್ಡಪ್ಪ ಹಸಿರು ಟವೆಲ್ ಹಾಕ್ಕೊಂಡು "ಒಂದ್ ಹನೀನೂ ಬಿಡ್ಬೇಡಿ" ಅಂತಿದ್ರು.

ಅವತ್ತು ಬೆಳೆ ಒಣಗ್ತಿತ್ತು, ಕೆಆರ್‌ಎಸ್ ಖಾಲಿ ಇತ್ತು, ಆ ಸಿಟ್ಟು ಸುಳ್ಳಲ್ಲ. ಆದ್ರೆ ಸರ್ಕಾರ ಅವತ್ತು "ಆಗಲ್ಲ" ಅಂದಿದ್ದಕ್ಕೆ ಜೈಕಾರ ಹಾಕಿದ ನಮಗೇ, ಅದೇ ಸರ್ಕಾರ ಹದಿನೆಂಟು ಗುಂಟೆ ಆದೇಶಕ್ಕೆ "ಆಗಲ್ಲ" ಅಂದ್ರೆ ಯಾವ ಬಾಯಲ್ಲಿ ಕೇಳೋದು ಅನ್ನೋ ಪ್ರಶ್ನೆ ಒಂದ್ಸಲ ಮನೇಲಿ ಊಟಕ್ಕೆ ಕೂತಾಗ ಬಂತು. ದೊಡ್ಡಪ್ಪ ಮುದ್ದೆ ಮುರಿಯೋದು ನಿಲ್ಲಿಸಿ "ಅದು ನೀರು ಕಣ್ಲಾ, ಇದು ನಂದು" ಅಂದ್ರು. ಕಾನೂನಲ್ಲಿ ಈ ಉತ್ತರಕ್ಕೆ ಬೆಲೆ ಇಲ್ಲ. ನನಗೂ ಇದಕ್ಕೆ ಪೂರಾ ಉತ್ತರ ಸಿಕ್ಕಿಲ್ಲ. ಒಂದು ವ್ಯತ್ಯಾಸ ಮಾತ್ರ ಕಾಣತ್ತೆ: ಕಾವೇರಿಯಲ್ಲಿ ಸರ್ಕಾರ ಎಲ್ಲರ ಎದುರು ನಿಂತು ಆಗಲ್ಲ ಅಂತು, ಕಾರಣ ಹೇಳ್ತು, ಕ್ಷಮೆಯನ್ನೂ ಎಲ್ಲರ ಎದುರೇ ಕೇಳ್ತು. ದೊಡ್ಡಪ್ಪನ ವಿಷಯದಲ್ಲಿ ಆಗಲ್ಲ ಅಂತ ಹೇಳಿದ್ದು ಯಾರು ಅಂತಲೇ ಗೊತ್ತಿಲ್ಲ.

ದೊಡ್ಡವರಿಗಾದ್ರೆ ಸಲೀಸಾಗಿ ಸಿಗತ್ತೆ ಅನ್ಕೊಂಡ್ರೆ ಮೈಸೂರು ರಾಜಮನೆತನದ ಕೇಸ್ ನೋಡಿ. ಬೆಂಗಳೂರು ಅರಮನೆಯ 472 ಎಕರೆ ಚಿಲ್ಲರೆ ಜಾಗವನ್ನ 1996ರ ಕಾಯ್ದೇಲಿ ಸರ್ಕಾರ 11 ಕೋಟಿಗೆ ಸ್ವಾಧೀನ ಅಂತು, ಅದರ ಮೇಲಿನ ಅಪೀಲ್ ಸುಪ್ರೀಂ ಕೋರ್ಟಲ್ಲಿ ದಶಕಗಳಿಂದ ಕೂತಿದೆ. ಅದರಲ್ಲಿ 15 ಎಕರೆ 39 ಗುಂಟೆ ಬಳ್ಳಾರಿ ರಸ್ತೆ, ಜಯಮಹಲ್ ರಸ್ತೆ ಅಗಲೀಕರಣಕ್ಕೆ ಬೇಕಾಯ್ತು, ಬದಲಿಗೆ ಟಿಡಿಆರ್, ಅಂದ್ರೆ ಜಾಗಕ್ಕೆ ಬದಲಾಗಿ ಕೊಡೋ, ಬೇರೆಯವರಿಗೆ ಮಾರಬಹುದಾದ ಕಟ್ಟಡ ಕಟ್ಟೋ ಹಕ್ಕು, ಕೊಡ್ಬೇಕು, ಕೊಡಲಿಲ್ಲ ಅಂತ ನಿಂದನೆ ಅರ್ಜಿ. 2024ರ ಡಿಸೆಂಬರ್ 10ರಂದು ಸುಪ್ರೀಂ ಕೋರ್ಟ್ ಕೊಡಿ ಅಂತು, ಎಸ್.ಎಂ. ಕೃಷ್ಣ ತೀರಿಕೊಂಡ ದಿನಾನೂ ಅದೇ. ಲೆಕ್ಕ ಹಾಕಿದ್ರೆ 3,011 ಕೋಟಿ ಆಗತ್ತೆ ಅಂತ ಸರ್ಕಾರ ಬೆಚ್ಚಿಬಿದ್ದು 2025ರ ಜನವರೀಲಿ ಸುಗ್ರೀವಾಜ್ಞೆ ತಂತು. ಮೂವತ್ಮೂರು ವರ್ಷ ಆದ್ಮೇಲೂ ಅದೇ ಮದ್ದು! 11 ಕೋಟಿಗೂ 3,011 ಕೋಟಿಗೂ ಇರೋ ಅಂತರ ನೋಡಿದ್ರೆ ಸರ್ಕಾರದ ವಾದದಲ್ಲಿ ಹುರುಳಿದೆ ಅಂತಲೇ ನನ್ನ ಅನಿಸಿಕೆ. ಆದ್ರೆ ಅದನ್ನ ಹೇಳ್ಬೇಕಿದ್ದ ಹೊತ್ತು ನಿಂದನೆ ಅರ್ಜಿ ಬಂದ ಮೇಲಲ್ಲ. ಜಿಲ್ಲಾ ಪಂಚಾಯಿತಿ, ತಾಲೂಕು ಪಂಚಾಯಿತಿ ಚುನಾವಣೆ ಕತೆನೂ ಇದೇ ದಾರಿ, 2021ರಲ್ಲಿ ಅವಧಿ ಮುಗೀತು, ಚುನಾವಣೆ ನಡೆಸಬೇಕಾದ ಆಯೋಗವೇ ಸರ್ಕಾರದ ಮೇಲೆ ಹೈಕೋರ್ಟಲ್ಲಿ ನಿಂದನೆ ಅರ್ಜಿ ಹಾಕೋ ಹಂತಕ್ಕೆ ಹೋಯ್ತು. ಅರಮನೆಯವರು, ಆಯೋಗದವರು ಎಲ್ಲಾ ನಿಂತಿರೋ ಕ್ಯೂನಲ್ಲೇ ದೊಡ್ಡಪ್ಪಾನೂ ಪ್ಲಾಸ್ಟಿಕ್ ಕವರ್ ಹಿಡ್ಕೊಂಡು ನಿಂತಿರೋದು.

ವಿಚಾರಣೆ ದಿನ ನಾನೇ ಜೊತೆಗೆ ಹೋದೆ. ಬೆಳಗ್ಗೆ ಚಾಮುಂಡಿ ಎಕ್ಸ್‌ಪ್ರೆಸ್ಸಲ್ಲಿ ಸೀಟ್ ಸಿಗದೆ ಬಾಗಿಲ ಹತ್ರ ನಿಂತ್ಕೊಂಡು, ಮೆಜೆಸ್ಟಿಕ್ಕಿಂದ ಮೆಟ್ರೋ ಹತ್ತಿ ವಿಧಾನಸೌಧದ ಹತ್ರ ಇಳಿದು, ಪಾಸ್ ಮಾಡಿಸಿ ಒಳಗೆ ಹೋಗೋ ಹೊತ್ತಿಗೆ ದೊಡ್ಡಪ್ಪನ ಬಿಳಿ ಪಂಚೆ ಮಣ್ಣಾಗಿತ್ತು. ನಮ್ಮ ನಂಬರ್ ಬಂತು. ಸರ್ಕಾರಿ ವಕೀಲರು ಎದ್ದು ಒಂದು ಮೆಮೋ, ಜೊತೆಗೆ ಒಂದು ಹಿಂಬರಹ ಕೊಟ್ರು, ತಾರೀಕು ಹಿಂದಿನ ದಿನದ್ದು. ಮನವಿಯನ್ನ ಪರಿಗಣಿಸಿ ತಿರಸ್ಕರಿಸಲಾಗಿದೆ. ಪಾಸ್‌ಬುಕ್ ಕಾಪಿ ಯಾಕೆ ಕೇಳಿದ್ರೋ ದೇವರಿಗೇ ಗೊತ್ತು. ಅರ್ಜಿ ಮುಕ್ತಾಯ, ಹಿಂಬರಹವನ್ನ ಬೇರೆಯಾಗಿ ಪ್ರಶ್ನಿಸೋಕೆ ಅರ್ಜಿದಾರರು ಸ್ವತಂತ್ರರು ಅಂತ ಹೇಳಿ ಮುಂದಿನ ನಂಬರ್ ಕೂಗಿದ್ರು. ಎರಡು ನಿಮಿಷ ಆಗಿರಬಹುದು. ದೊಡ್ಡಪ್ಪ ಕೈ ಮುಗಿದು ಹೊರಗೆ ಬಂದ್ರು, ಗೆದ್ವೋ ಸೋತ್ವೋ ಅಂತ ಅವರಿಗೆ ಅರ್ಥ ಆಗಿರ್ಲಿಲ್ಲ.

ವಾಪಸ್ ಬರ್ತಾ ರೈಲಲ್ಲಿ ರಾಮನಗರ ದಾಟಿದ ಮೇಲೆ "ಅದೇನ್ ಬರ್ದವ್ರೆ ಓದ್ಲಾ" ಅಂದ್ರು. ಓದಿದೆ. ಎರಡನೇ ಪ್ಯಾರಾಗೆ ಬಂದಾಗ ಕೈ ಅಡ್ಡ ಹಿಡಿದು ನಿಲ್ಲಿಸಿದ್ರು. "ಇನ್ನೊಂದ್ಸಾರಿ ನಂಬರ್ ಹೇಳು." ಹೇಳಿದೆ, 112/3. ಅವರು ಕವರಿಂದ ಪಹಣಿ ತೆಗೆದು ಕನ್ನಡಕ ಹಾಕ್ಕೊಂಡು ಬೆರಳಿಟ್ಟು ನೋಡಿದ್ರು, ಆಮೇಲೆ ಬೋಗಿಯವರೆಲ್ಲಾ ತಿರುಗಿ ನೋಡೋ ಹಾಗೆ ನಗೋಕೆ ಶುರು ಮಾಡಿದ್ರು. "ಇದು ಪಕ್ಕದವ್ನ ಜಮೀನ್ ಕಣ್ಲಾ! ಅವ್ನಿಗೆ ದುಡ್ಡು ಬಂದು ಮನೆ ಮೇಲೆ ಮನೆ ಕಟ್ಸವ್ನೆ, ಅವ್ನಿಗೆ ಕೊಡಾಕಾಗಲ್ಲ ಅಂತ ಬರ್ದವ್ರೆ." ನಗ್ತಾ ನಗ್ತಾನೇ ನನ್ನ ಫೋನ್ ಇಸ್ಕೊಂಡು ಲಾಯರ್‌ಗೆ ಮಾಡಿದ್ರು. ಗಾಡಿ ಸದ್ದಲ್ಲಿ ಆ ಕಡೆಯ ಮಾತು ನನಗೆ ಕೇಳಿಸ್ಲಿಲ್ಲ, ದೊಡ್ಡಪ್ಪಂದು ಮಾತ್ರ ಕೇಳಿಸ್ತು: "ಸಾ, ಈಗ ಏನ್ ಹಾಕ್ಬೇಕು? ನಿಂದ್ನೆನೇನಾ, ಬ್ಯಾರೇದಾ?"